ಖಾಲಿ ಕಪ್ಪಿನ ಬಿಸಿ: ಬಿಲ್ ಡಗ್ಲಸ್ ಸಿನಿಮಾ ನೋಡುವುದು ಹೇಗೆ?

ಪ್ರಶ್ನೆ: ಕೆನ್ ಲೋಚ್ ಅವರ 'ಕೆಸ್' ನೋಡಿ ಮರುಳಾದವನು ನಾನು. ಅದೇ ತರಹ ಬಡವರ ದಿನನಿತ್ಯದ ಬದುಕು ತೋರಿಸುವ ಬ್ರಿಟಿಷ್ ಸಿನಿಮಾ ಹುಡುಕುತ್ತಿದ್ದೆ. ಸ್ನೇಹಿತರೊಬ್ಬರು ಬಿಲ್ ಡಗ್ಲಸ್ ಹೆಸರು ಹೇಳಿದರು. ಆತನ ಮೊದಲ ಸಿನಿಮಾ ಹಾಕಿದೆ, ಹತ್ತು ನಿಮಿಷಕ್ಕೆ ನಿಲ್ಲಿಸಿಬಿಟ್ಟೆ. ಯಾರು ಯಾರ ಮಗ, ಯಾಕೆ ಎಲ್ಲರೂ ಸುಮ್ನೆ ನಿಂತಿದ್ದಾರೆ, ಒಂದೂ ಗೊತ್ತಾಗಲಿಲ್ಲ. ಈ ಮನುಷ್ಯನ ಬಗ್ಗೆ ಯಾಕೆ ಯಾರೂ ಜಾಸ್ತಿ ಬರೆಯುವುದಿಲ್ಲ? ಇದನ್ನು ನೋಡುವುದಕ್ಕೆ ಒಂದು ಕ್ರಮ ಅಂತ ಇದೆಯಾ? ಇಂಗ್ಲಿಷ್ ಅಷ್ಟಾಗಿ ಬಾರದ ನಮ್ಮ ತಾಯಿ ಜೊತೆ ಕೂತು ನೋಡಬಹುದಾ?

ಉತ್ತರ: ಮೊದಲೇ ಒಂದು ಸಮಾಧಾನ ಹೇಳಿಬಿಡುತ್ತೇನೆ. ನಾನು ಮೊದಲ ಸಲ 'ಮೈ ಚೈಲ್ಡ್‌ಹುಡ್' ನೋಡಿದಾಗ ಸ್ಪೀಕರ್ ಕೈಕೊಟ್ಟಿದೆ ಅಂದುಕೊಂಡಿದ್ದೆ. ಎದ್ದು ಹೋಗಿ ಎರಡು ಸಲ ವಾಲ್ಯೂಮ್ ತಿರುಗಿಸಿದೆ. ಮೂರನೇ ಸಲ ಎದ್ದಾಗ ತೆರೆಯ ಮೇಲೆ ರೈಲಿನ ಸದ್ದು ಕಿವಿಗೆ ಬಡಿಯಿತು. ಸ್ಪೀಕರ್ ಸರಿಯಾಗೇ ಇತ್ತು. ಸಿನಿಮಾನೇ ಹಾಗೆ. ಹಾಗಾಗಿ ಹತ್ತು ನಿಮಿಷಕ್ಕೆ ನಿಲ್ಲಿಸಿದ್ದಕ್ಕೆ ಬೇಜಾರು ಮಾಡಿಕೊಳ್ಳಬೇಡಿ. ನೀವು 'ಕೆಸ್' ನೋಡಿದ ಕಣ್ಣಲ್ಲೇ ಇದನ್ನೂ ನೋಡಲು ಹೋದಿರಿ, ಎಡವಟ್ಟಾದದ್ದು ಅಲ್ಲಿ.

ಬಿಲ್ ಡಗ್ಲಸ್ ಮಾಡಿದ್ದೇ ಕಡಿಮೆ. ಮೂರು ಸಣ್ಣ ಸಿನಿಮಾ, ಒಂದು ದೊಡ್ಡ ಸಿನಿಮಾ. ಫಿಲ್ಮ್ ಸ್ಕೂಲಿನಲ್ಲಿ ಓದುವಾಗ ಮಾಡಿದ ಪುಟ್ಟ ಚಿತ್ರಗಳನ್ನು ಬಿಟ್ಟರೆ ಅಷ್ಟೇ. 1972ರ 'ಮೈ ಚೈಲ್ಡ್‌ಹುಡ್' ಮುಕ್ಕಾಲು ಗಂಟೆಯಷ್ಟು. 1973ರ 'ಮೈ ಏನ್ ಫೋಕ್' ಒಂದು ಗಂಟೆಗೂ ಕಡಿಮೆ. 1978ರ 'ಮೈ ವೇ ಹೋಮ್' ಒಂದೂಕಾಲು ಗಂಟೆಯ ಹತ್ತಿರ. ಆಮೇಲೆ 1986ರಲ್ಲಿ 'ಕಾಮ್ರೇಡ್ಸ್', ಮೂರು ಗಂಟೆ. ಎಲ್ಲ ಕೂಡಿಸಿದರೂ ಆರು ಗಂಟೆ. ಬೆಂಗಳೂರಿನಿಂದ ಹುಬ್ಬಳ್ಳಿಗೆ ಹೋಗುವಷ್ಟರಲ್ಲಿ ಒಬ್ಬ ನಿರ್ದೇಶಕನ ಇಡೀ ಜೀವಮಾನದ ಕೆಲಸ ನೋಡಿ ಮುಗಿಸಬಹುದು. ಆದರೆ ಬಸ್ಸಿನಲ್ಲಿ ನೋಡಬೇಡಿ, ದಯವಿಟ್ಟು.

ಅವರ ಬಗ್ಗೆ ಬರೆಯುವವರು ಕಡಿಮೆ ಯಾಕೆ ಅಂತ ಕೇಳಿದಿರಲ್ಲ, ಅರ್ಧ ಉತ್ತರ ಈ ಲೆಕ್ಕದಲ್ಲೇ ಇದೆ. ಲೋಚ್ ಐವತ್ತು ವರ್ಷಕ್ಕೂ ಹೆಚ್ಚು ಕಾಲ ಸಿನಿಮಾ ಮಾಡುತ್ತಾ ಬಂದರು. ಮೈಕ್ ಲೀ ಕೂಡ ಹಾಗೇ. ಪತ್ರಿಕೆಯವರಿಗೆ ಎರಡು ಮೂರು ವರ್ಷಕ್ಕೊಮ್ಮೆ ಬರೆಯಲು ಏನಾದರೂ ಸಿಗುತ್ತಿತ್ತು. ಡಗ್ಲಸ್ 1991ರಲ್ಲಿ, 57ನೇ ವಯಸ್ಸಿಗೆ, ಕ್ಯಾನ್ಸರ್‌ನಿಂದ ತೀರಿಕೊಂಡರು. ಬರೆದು ಇಟ್ಟ ಸ್ಕ್ರಿಪ್ಟುಗಳು ಹಾಗೇ ಉಳಿದವು. ಉಳಿದ ಅರ್ಧ ಉತ್ತರ ಏನಂದರೆ, ಅವರ ಮೊದಲ ಮೂರು ಸಿನಿಮಾಗಳ ಅಳತೆ ಯಾವ ಥಿಯೇಟರಿನ ಶೋಗೂ ಸರಿ ಹೊಂದುವುದಿಲ್ಲ. ಶಾರ್ಟ್ ಫಿಲ್ಮ್ ಅನ್ನೋಣ ಅಂದರೆ ಉದ್ದ, ಪೂರ್ಣ ಚಿತ್ರ ಅನ್ನೋಣ ಅಂದರೆ ಗಿಡ್ಡ.

ಈಗ ಮನುಷ್ಯನ ಪರಿಚಯ. ಡಗ್ಲಸ್ ಹುಟ್ಟಿದ್ದು 1934ರಲ್ಲಿ, ಸ್ಕಾಟ್ಲೆಂಡಿನ ನ್ಯೂಕ್ರೇಗ್‌ಹಾಲ್ ಎಂಬ ಹಳ್ಳಿಯಲ್ಲಿ. ಎಡಿನ್‌ಬರೊ ಊರಿಗೆ ಹತ್ತಿರದ ಕಲ್ಲಿದ್ದಲು ಗಣಿ ಊರು. ಗಣಿ ಕೆಲಸಗಾರರಿಗೆಂದು ಕಟ್ಟಿದ ಸಾಲುಮನೆಗಳು. ನಮ್ಮ ಕೆಜಿಎಫ್‌ನ ಲೈನ್ ಮನೆಗಳನ್ನು ನೋಡಿದವರಿಗೆ ಆ ಸಾಲು ಕಣ್ಣಿಗೆ ಕಟ್ಟುತ್ತದೆ, ಹವಾಮಾನ ಒಂದನ್ನು ಬಿಟ್ಟು. ತಂದೆ ತಾಯಿ ಮದುವೆಯಾಗಿರಲಿಲ್ಲ. ಹುಡುಗನನ್ನು ಸಾಕಿದ್ದು ತಾಯಿಯ ತಾಯಿ. ಅಜ್ಜಿ ಹೋದ ಮೇಲೆ ತಂದೆಯ ಕಡೆಯ ಮನೆ ಸೇರಬೇಕಾಯಿತು. ಬಡತನ ಅಂದರೆ ಬರೀ ದುಡ್ಡಿಲ್ಲದ್ದಲ್ಲ. ಯಾರಿಗೆ ಯಾರು ಅಂತ ಹೇಳುವವರೂ ಇಲ್ಲದ ಬಡತನ.

ಆ ಹುಡುಗನಿಗೆ ಇದ್ದ ಒಂದೇ ಸುಖ ಸಿನಿಮಾ. ಟಿಕೆಟ್ಟಿಗೆ ಕಾಸಿಲ್ಲ. ಆಗ ಅಲ್ಲಿ ಜಾಮ್ ಬಾಟಲಿ ಕೊಟ್ಟರೆ ಮಕ್ಕಳನ್ನು ಒಳಗೆ ಬಿಡುತ್ತಿದ್ದರು. ಖಾಲಿ ಗಾಜಿನ ಬಾಟಲಿಗೆ ಬೆಲೆ ಇತ್ತು. ಹುಡುಗ ಬಾಟಲಿ ಹುಡುಕಿ, ತೊಳೆದು, ಒಯ್ದು ಕೊಟ್ಟು ಸಿನಿಮಾ ನೋಡುತ್ತಿದ್ದ. ಈ ಬಾಟಲಿ ವಿಷಯ ನೆನಪಿಟ್ಟುಕೊಳ್ಳಿ, ಕೊನೆಯಲ್ಲಿ ಬೇಕಾಗುತ್ತದೆ.

ಮುಂದೆ ಆಗ ಎಲ್ಲರಿಗೂ ಕಡ್ಡಾಯವಾಗಿದ್ದ ಸೇನಾ ಸೇವೆಗಾಗಿ ವಾಯುಪಡೆಯ ಜೊತೆ ಈಜಿಪ್ಟಿಗೆ ಹೋದರು. ಅಲ್ಲಿ ಪೀಟರ್ ಜುವೆಲ್ ಎಂಬ ಗೆಳೆಯ ಸಿಕ್ಕರು. ಓದುವ ಹುಚ್ಚಿನ, ಇಂಗ್ಲೆಂಡಿನ ಬೇರೆಯೇ ತರಹದ ಮನೆಯಿಂದ ಬಂದವರು. ಈ ಸ್ನೇಹ ಡಗ್ಲಸ್ ಸಾಯುವವರೆಗೂ ಉಳಿಯಿತು. ವಾಪಸ್ಸು ಬಂದು ಲಂಡನ್ ಸೇರಿದರು. ಜೋನ್ ಲಿಟಲ್‌ವುಡ್ ಅವರ ರಂಗತಂಡದಲ್ಲಿ, ಟೀವಿಯಲ್ಲಿ ಸಣ್ಣಪುಟ್ಟ ಪಾತ್ರ ಮಾಡಿದರು. ಮೂವತ್ತೈದರ ಆಸುಪಾಸಿನಲ್ಲಿ, ಬೇರೆಯವರು ಆಗಲೇ ಎರಡು ಮೂರು ಸಿನಿಮಾ ಮುಗಿಸಿರುವ ವಯಸ್ಸಿನಲ್ಲಿ, ಲಂಡನ್ನಿನ ಫಿಲ್ಮ್ ಸ್ಕೂಲಿಗೆ ವಿದ್ಯಾರ್ಥಿಯಾಗಿ ಸೇರಿಕೊಂಡರು.

ಅಲ್ಲಿಂದ ಬಂದ ಮೇಲೆ ತಮ್ಮ ಬಾಲ್ಯದ ಮೇಲೆ 'ಜೇಮಿ' ಅಂತ ಒಂದು ಸ್ಕ್ರಿಪ್ಟ್ ಬರೆದರು. ಸ್ಕಾಟ್ಲೆಂಡಿನಲ್ಲಿ ದುಡ್ಡು ಹುಟ್ಟಲಿಲ್ಲ. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಹೊಸಬರ ಸಿನಿಮಾಗಳಿಗೆ ಹಣ ಕೊಡುವ ಒಂದು ಮಂಡಳಿ ಇತ್ತು. ಅದರ ಮುಖ್ಯಸ್ಥರಾಗಿ ಆಗಷ್ಟೇ ಬಂದಿದ್ದವರು ಮಾಮೂನ್ ಹಸನ್. ಅವರು ಸ್ಕ್ರಿಪ್ಟ್ ಓದಿ ಹಿಡಿದುಕೊಂಡರು. ಹಸನ್ ಇಲ್ಲದಿದ್ದರೆ ನಾವಿಬ್ಬರೂ ಈ ಮಾತುಕತೆ ಆಡುತ್ತಿರಲಿಲ್ಲ. ಸಿನಿಮಾ ಚರಿತ್ರೆಯಲ್ಲಿ ನಿರ್ದೇಶಕರ ಹೆಸರು ಉಳಿಯುತ್ತದೆ. ಬಂದ ಸ್ಕ್ರಿಪ್ಟನ್ನು ಕಪಾಟಿಗೆ ಸೇರಿಸದೆ ಓದಿದ ಅಧಿಕಾರಿಯ ಹೆಸರು ಯಾರಿಗೂ ನೆನಪಿರುವುದಿಲ್ಲ, ಅಲ್ವಾ?

ಆ ಸ್ಕ್ರಿಪ್ಟೂ ವಿಚಿತ್ರವಾದದ್ದು. ಮಾಮೂಲಿ ಸ್ಕ್ರಿಪ್ಟಿನಲ್ಲಿ ಕ್ಲೋಸಪ್, ಲಾಂಗ್ ಶಾಟ್, ಕ್ಯಾಮೆರಾ ಎಡಕ್ಕೆ, ಬಲಕ್ಕೆ ಅಂತ ಬರೆದಿರುತ್ತಾರೆ. ಡಗ್ಲಸ್ ಅದೇನೂ ಬರೆಯುತ್ತಿರಲಿಲ್ಲ. ಚಿಕ್ಕ ಚಿಕ್ಕ ವಾಕ್ಯ, ಒಂದರ ಕೆಳಗೊಂದು. ನೋಡಿದರೆ ಪದ್ಯದ ಹಾಗೆ ಕಾಣುತ್ತದೆ. ಒಂದು ವಾಕ್ಯ ಓದಿದರೆ ಒಂದು ಶಾಟ್ ಕಣ್ಣ ಮುಂದೆ ಬರಬೇಕು. ವಾಕ್ಯ ಮುಗಿದರೆ ಶಾಟ್ ಮುಗಿಯಿತು. ಅವರ ಸಿನಿಮಾದ ಗುಟ್ಟು ಇರುವುದು ಇಲ್ಲೇ, ಆದ್ದರಿಂದ ಇಲ್ಲಿ ಸ್ವಲ್ಪ ನಿಲ್ಲೋಣ.

'ಮೈ ಚೈಲ್ಡ್‌ಹುಡ್'ನಲ್ಲಿ ಒಂದು ದೃಶ್ಯ ಇದೆ. ಎರಡನೇ ಮಹಾಯುದ್ಧದ ಕೊನೆಯ ದಿನಗಳು. ಜೇಮಿ, ಟಾಮಿ ಎಂಬ ಇಬ್ಬರು ಹುಡುಗರು ಅಜ್ಜಿ ಜೊತೆ ಇದ್ದಾರೆ. ಮನೆಯಲ್ಲಿ ತಿನ್ನಲೂ ಇಲ್ಲ, ಉರಿಸಲೂ ಇಲ್ಲ. ಅಜ್ಜಿ ಕುರ್ಚಿಯಲ್ಲಿ ಕುಸಿದು ಕೂತಿದ್ದಾಳೆ. ಕೈ ಚಳಿಗೆ ಮರಗಟ್ಟಿದೆ. ಜೇಮಿ ಒಂದು ಕಪ್ಪಿಗೆ ಬಿಸಿನೀರು ಸುರಿಯುತ್ತಾನೆ. ನಾವು ಅಂದುಕೊಳ್ಳುತ್ತೇವೆ, ಟೀ ಮಾಡಿಕೊಡುತ್ತಾನೆ ಅಂತ. ಇಲ್ಲ. ನೀರನ್ನು ಚೆಲ್ಲಿಬಿಡುತ್ತಾನೆ. ನಮಗೆ ಒಂದು ಕ್ಷಣ ತಲೆಬುಡ ಗೊತ್ತಾಗುವುದಿಲ್ಲ. ಹುಡುಗನಿಗೆ ಬುದ್ಧಿಗಿದ್ಧಿ ಕೆಟ್ಟಿದೆಯಾ? ಆಮೇಲೆ ಆ ಖಾಲಿ ಕಪ್ಪನ್ನು ಒಯ್ದು ಅಜ್ಜಿಯ ಕೈಗೆ ಕೊಡುತ್ತಾನೆ. ಅವಳ ಬೆರಳುಗಳನ್ನು ಕಪ್ಪಿನ ಸುತ್ತ ಒತ್ತಿ ಹಿಡಿಯುತ್ತಾನೆ. ಕಪ್ಪು ಬಿಸಿಯಾಗಿದೆ. ಕೈ ಬೆಚ್ಚಗಾಗಲಿ ಅಂತ.

ಅಷ್ಟೇ ದೃಶ್ಯ. ಮಾತಿಲ್ಲ. ಹಿನ್ನೆಲೆ ಸಂಗೀತ ಬಂದು 'ಈಗ ಅಳು' ಅಂತ ನಮಗೆ ಹೇಳುವುದಿಲ್ಲ. ಬೇರೆ ನಿರ್ದೇಶಕರಾಗಿದ್ದರೆ ಹುಡುಗ 'ಅಜ್ಜಿ, ಚಳಿ ಆಗ್ತಿದೆಯಾ?' ಅಂತ ಕೇಳುತ್ತಿದ್ದ. ಕೇಳಿದ್ದರೆ ನೀರು ಸುರಿಯುವಾಗಲೇ ನಮಗೆ ಎಲ್ಲ ಗೊತ್ತಾಗಿಬಿಡುತ್ತಿತ್ತು. ಡಗ್ಲಸ್ ಕಾರಣವನ್ನು ಮುಚ್ಚಿಟ್ಟು ಕೆಲಸವನ್ನು ಮೊದಲು ತೋರಿಸುತ್ತಾರೆ. ಕಾರಣ ಬರುವುದು ತಡವಾಗಿ. ಆ ತಡದಲ್ಲಿ ನಾವು ಹುಡುಗನನ್ನು ತಪ್ಪು ತಿಳಿದುಕೊಂಡಿರುತ್ತೇವೆ. ಕಾರಣ ಗೊತ್ತಾದಾಗ ಕರುಳು ಚುರ್ ಅನ್ನುವುದು ಅದಕ್ಕೇ. ಅಜ್ಜಿಗಾಗಿ ಮಾತ್ರ ಅಲ್ಲ, ನಾವು ಅಂದುಕೊಂಡದ್ದಕ್ಕೂ.

ಇಡೀ ಸಿನಿಮಾ ಹೀಗೇ ನಡೆಯುತ್ತದೆ. ಮೊದಲು ಏನಾಯಿತು ಅನ್ನುವುದು, ಯಾಕೆ ಅನ್ನುವುದು ಆಮೇಲೆ. ಕೆಲವು ಸಲ ಯಾಕೆ ಅನ್ನುವುದು ಬರುವುದೇ ಇಲ್ಲ. ನೀವು ಹತ್ತು ನಿಮಿಷದಲ್ಲಿ 'ಯಾರು ಯಾರ ಮಗ' ಅಂತ ತಡಕಾಡಿದಿರಲ್ಲ, ಜೇಮಿಯೂ ಅದನ್ನೇ ತಡಕಾಡುತ್ತಿದ್ದಾನೆ! ಅವನಿಗೆ ತನ್ನ ತಂದೆ ಯಾರೆಂದು ಗೊತ್ತಿಲ್ಲ. ತಂದೆ ಅದೇ ಊರಲ್ಲಿ, ಅದೇ ಬೀದಿಯಲ್ಲಿ ಓಡಾಡಿಕೊಂಡಿದ್ದಾನೆ. ಹುಡುಗನಿಗೆ ತಿಳಿಯದ್ದನ್ನು ನಮಗೆ ತಿಳಿಸುವ ಉಪಕಾರವನ್ನು ಡಗ್ಲಸ್ ಮಾಡುವುದಿಲ್ಲ.

ಹಾಗಂತ ನಿಮ್ಮನ್ನು ಪೂರ್ತಿ ಕತ್ತಲೆಯಲ್ಲಿ ಬಿಡುವುದು ಬೇಡ. ಇಷ್ಟು ತಿಳಿದುಕೊಂಡು ಕೂತುಕೊಳ್ಳಿ: ಜೇಮಿ ಚಿಕ್ಕವನು, ಟಾಮಿ ದೊಡ್ಡವನು. ಇಬ್ಬರ ತಂದೆಯರು ಬೇರೆ ಬೇರೆ. ಜೇಮಿಯ ತಾಯಿ ಮಾನಸಿಕ ಆಸ್ಪತ್ರೆಯಲ್ಲಿದ್ದಾಳೆ. ಹೊಲದಲ್ಲಿ ಕೆಲಸ ಮಾಡುವ ಹೆಲ್ಮುಟ್ ಎಂಬುವನು ಜರ್ಮನ್ ಯುದ್ಧಕೈದಿ. ಇಡೀ ಊರಿನಲ್ಲಿ ಜೇಮಿಯನ್ನು ಮಗುವಿನಂತೆ ಎತ್ತಿ ಆಡಿಸುವವನು ಅವನೊಬ್ಬನೇ, ಅಂದರೆ ಶತ್ರು ದೇಶದವನು. ಯುದ್ಧ ಮುಗಿದರೆ ಎಲ್ಲರಿಗೂ ಸಂತೋಷ. ಜೇಮಿಗೆ ಮಾತ್ರ ಹೆಲ್ಮುಟ್ ಹೊರಟುಹೋಗುತ್ತಾನೆ. ಈ ಸಿನಿಮಾಕ್ಕೆ ವೆನಿಸ್ ಚಿತ್ರೋತ್ಸವದಲ್ಲಿ ಮೊದಲ ಚಿತ್ರಕ್ಕೆ ಕೊಡುವ ಸಿಲ್ವರ್ ಲಯನ್ ಬಂತು.

ಜೇಮಿಯಾಗಿ ನಟಿಸಿದ ಸ್ಟೀಫನ್ ಆರ್ಚಿಬಾಲ್ಡ್ ಕಲಿತ ನಟನಲ್ಲ. ಶಾಲೆಗೆ ಚಕ್ಕರ್ ಹೊಡೆದು ಬಸ್ ಸ್ಟಾಪಿನಲ್ಲಿ ನಿಂತಿದ್ದವನು ಡಗ್ಲಸ್ ಕಣ್ಣಿಗೆ ಬಿದ್ದ ಅನ್ನುತ್ತಾರೆ. ಸಿಗರೇಟು ಇದೆಯಾ ಅಂತ ಇವರನ್ನೇ ಕೇಳಿದನಂತೆ. ಮೂರೂ ಸಿನಿಮಾದಲ್ಲಿ ಜೇಮಿ ಅವನೇ. ಮೊದಲ ಚಿತ್ರದ ಪೋರ ಮೂರನೆಯದರಲ್ಲಿ ಮೀಸೆ ಮೂಡುವ ವಯಸ್ಸಿನ ಯುವಕ. ಮುಖ ಬಲಿಯುವುದನ್ನು ಮೇಕಪ್ಪಿಲ್ಲದೆ ನೋಡುತ್ತೇವೆ. ಅವನಿಗೆ ನಟನೆ ಬರುತ್ತಿತ್ತೋ ಇಲ್ಲವೋ, ಸುಮ್ಮನೆ ನಿಂತು ನೋಡುವುದು ಬರುತ್ತಿತ್ತು. ದುಡ್ಡು ಕೊಟ್ಟರೂ ಎಷ್ಟೋ ನಟರಿಗೆ ಅದು ಬರುವುದಿಲ್ಲ.

ಇಲ್ಲಿ ನಿಮ್ಮ ಲೋಚ್ ವಿಷಯಕ್ಕೆ ಬರೋಣ. 1969ರ 'ಕೆಸ್' ಕೂಡ ಗಣಿ ಊರಿನ ಹುಡುಗನ ಕಥೆಯೇ. ಅಲ್ಲೂ ನಟನೆ ಕಲಿಯದ ಹುಡುಗನೇ. ಆದರೆ ಲೋಚ್ ಕ್ಯಾಮೆರಾವನ್ನು ದೂರ ಇಟ್ಟು ಜನರನ್ನು ಅವರ ಪಾಡಿಗೆ ಬಿಡುತ್ತಾರೆ. ಮಾತಿನ ಮೇಲೆ ಮಾತು ಬೀಳುತ್ತದೆ, ಜಗಳ ಆಗುತ್ತದೆ, ನಗು ಬರುತ್ತದೆ. ನಾವು ಕಿಟಕಿಯಿಂದ ನೋಡುತ್ತಿದ್ದೇವೆ ಅನ್ನಿಸುತ್ತದೆ. ಡಗ್ಲಸ್ ತದ್ವಿರುದ್ಧ. ಒಂದೊಂದು ಶಾಟನ್ನೂ ಅಳೆದು ಕತ್ತರಿಸಿ ಇಟ್ಟಿರುತ್ತಾರೆ. ಕ್ಯಾಮೆರಾ ಅಲ್ಲಾಡುವುದೇ ಅಪರೂಪ. ಲೋಚ್ ತೋರಿಸುವುದು ಇವತ್ತು ನಡೆಯುತ್ತಿರುವ ಬದುಕು. ಡಗ್ಲಸ್ ತೋರಿಸುವುದು ನೆನಪಿನಲ್ಲಿ ಉಳಿದ ಬದುಕು. ನಿಮ್ಮ ಐದನೇ ವಯಸ್ಸನ್ನು ನೆನಪು ಮಾಡಿಕೊಳ್ಳಿ. ಕಥೆಯಾಗಿ ಬರುವುದಿಲ್ಲ. ಒಂದು ಬಾಗಿಲು, ಯಾರದೋ ಕೈ, ಒಂದು ಪಾತ್ರೆ ಬಿದ್ದ ಸದ್ದು, ಅಷ್ಟೇ. ಮಧ್ಯದ್ದೆಲ್ಲ ಹೋಗಿರುತ್ತದೆ. ಮಧ್ಯ ಹೋಗಿದ್ದನ್ನು ಹೋಗಿರುವ ಹಾಗೇ ತೋರಿಸಿದವರು ಡಗ್ಲಸ್. ವಾಸ್ತವವಾದ ಅಂದರೆ ಇದ್ದದ್ದನ್ನೆಲ್ಲ ತೋರಿಸುವುದು ಅಂತ ನಮ್ಮಲ್ಲಿ ಬಹಳ ಜನ ತಿಳಿದಿದ್ದಾರೆ. ಡಗ್ಲಸ್ ವಿಷಯದಲ್ಲಿ ಅದು ಏನನ್ನು ಬಿಡಬೇಕು ಅನ್ನುವ ಲೆಕ್ಕ.

ನಮ್ಮ ಕಡೆ ಗಿರೀಶ್ ಕಾಸರವಳ್ಳಿ ಅವರ 'ಘಟಶ್ರಾದ್ಧ' ನೋಡಿದ್ದೀರಾ? 1977ರದ್ದು. ನಾಣಿ ಎಂಬ ಹುಡುಗನ ಕಣ್ಣಿನಿಂದ ದೊಡ್ಡವರ ಕ್ರೌರ್ಯ ನೋಡುವ ಸಿನಿಮಾ. ನೋಡಿದ್ದರೆ ನಿಮಗೆ ಡಗ್ಲಸ್ ಲೋಕಕ್ಕೆ ಅರ್ಧ ದಾರಿ ಆಗಲೇ ಗೊತ್ತು. ಇಬ್ಬರಿಗೂ ಏನಾದರೂ ಸಂಬಂಧ ಇತ್ತು ಅಂತಲ್ಲ. ಏನೂ ಅರ್ಥವಾಗದೆ ಬಾಗಿಲ ಹತ್ತಿರ ನಿಂತು ನೋಡುವ ಹುಡುಗ ಎರಡೂ ಕಡೆ ಇದ್ದಾನೆ, ಅದಕ್ಕೇ ಹೇಳಿದೆ.

ಎರಡನೇ ಚಿತ್ರ 'ಮೈ ಏನ್ ಫೋಕ್'. ಸ್ಕಾಟ್ಸ್ ಆಡುಮಾತಿನಲ್ಲಿ 'ನನ್ನ ಸ್ವಂತದವರು' ಅಂತ. ಹೆಸರೇ ಕುಹಕ. ಈ ಚಿತ್ರ ಶುರುವಾಗುವುದು ಬಣ್ಣದಲ್ಲಿ. ಗಾಬರಿಯಾಗಬೇಡಿ, ನೀವು ಬೇರೆ ಫೈಲ್ ಹಾಕಿಲ್ಲ. ಅದು 1943ರ ಹಾಲಿವುಡ್ ಸಿನಿಮಾ 'ಲಾಸಿ ಕಮ್ ಹೋಮ್'ನ ತುಣುಕು. ಮನೆ ಹುಡುಕಿಕೊಂಡು ಬರುವ ನಾಯಿಯ ಕಥೆ. ಹಸಿರು ಬೆಟ್ಟ, ಥಳಥಳ ಬಣ್ಣ. ತಕ್ಷಣ ಕಪ್ಪು ಬಿಳುಪು. ಟಾಮಿ ಥಿಯೇಟರಿನಲ್ಲಿ ಕೂತು ಅಳುತ್ತಾ ನೋಡುತ್ತಿದ್ದಾನೆ. ಅಲ್ಲಿಂದ ಕಟ್ ಮಾಡಿದರೆ ಗಣಿಯ ಲಿಫ್ಟ್ ಕೆಲಸಗಾರರನ್ನು ತುಂಬಿಕೊಂಡು ಕತ್ತಲೆಗೆ ಇಳಿಯುತ್ತದೆ. ಹಾಲಿವುಡ್ ಕಲ್ಪಿಸಿದ ಬೆಟ್ಟ ಒಂದು ಕಡೆ, ಆ ನೆಲದ ಅಡಿಯಲ್ಲಿ ನಿಜವಾಗಿ ಇದ್ದದ್ದು ಇನ್ನೊಂದು ಕಡೆ. ಒಂದು ಮಾತೂ ಆಡದೆ ಹೇಳಿಬಿಟ್ಟರು. ಮೂರೂ ಸಿನಿಮಾದಲ್ಲಿ ಬಣ್ಣ ಇರುವುದು ಇಲ್ಲಿ ಮಾತ್ರ. ನಾಯಿಗೆ ಮನೆ ಸಿಗುತ್ತದೆ, ಟಾಮಿಯನ್ನು ಅನಾಥಾಲಯಕ್ಕೆ ಒಯ್ಯುತ್ತಾರೆ.

ಜೇಮಿ ತಂದೆಯ ತಾಯಿಯ ಮನೆ ಸೇರುತ್ತಾನೆ. ನನ್ನ ಪ್ರಕಾರ ಮೂರರಲ್ಲಿ ಇದೇ ಗಟ್ಟಿ ಚಿತ್ರ, ಇದೇ ಕಷ್ಟದ ಚಿತ್ರ ಕೂಡ. ಈ ಅಜ್ಜಿ ಕೆಟ್ಟವಳು. ಆದರೆ ಸಿನಿಮಾದ ಕೆಟ್ಟವಳಲ್ಲ, ಮನೆಯ ಕೆಟ್ಟವಳು. ಮಗನ ಮೇಲೆ ಜೀವ, ಮೊಮ್ಮಗನ ಮೇಲೆ ಹಗೆ. ಒಂದು ಕ್ಷಣ ಮುದ್ದು ಮಾಡುತ್ತಾಳೆ, ಮರುಕ್ಷಣ ದೂಡುತ್ತಾಳೆ. ಹುಡುಗ ಮೇಜಿನ ಕೆಳಗೆ, ಮೂಲೆಯಲ್ಲಿ, ಗೋಡೆಗೆ ಅಂಟಿಕೊಂಡು ಬದುಕುತ್ತಾನೆ. ಕೂಡು ಕುಟುಂಬದಲ್ಲಿ ಬೆಳೆದ ನಮ್ಮವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಮೂರನೆಯದಕ್ಕೆ ಐದು ವರ್ಷ ತಡವಾಯಿತು. 'ಮೈ ವೇ ಹೋಮ್' ಮಕ್ಕಳ ಹಾಸ್ಟೆಲಿನಿಂದ ಶುರುವಾಗಿ ಈಜಿಪ್ಟಿನ ಮರಳುಗಾಡಿಗೆ ಹೋಗುತ್ತದೆ. ಅದನ್ನು ನಿಜವಾಗಿಯೂ ಈಜಿಪ್ಟಿಗೇ ಹೋಗಿ ತೆಗೆದರು. ಗಣಿಯ ಮಸಿ ನೋಡಿ ನೋಡಿ ಕಪ್ಪಾದ ಕಣ್ಣಿಗೆ ಥಟ್ಟನೆ ಬಿಳಿ ಮರಳು, ಬಿಳಿ ಆಕಾಶ. ಇಲ್ಲಿ ರಾಬರ್ಟ್ ಎಂಬ ಗೆಳೆಯ ಸಿಗುತ್ತಾನೆ. ಪೀಟರ್ ಜುವೆಲ್ ಅವರೇ ಈ ಪಾತ್ರದ ಮೂಲ. ರಾಬರ್ಟ್ ಮಾತಾಡುತ್ತಾನೆ, ಪುಸ್ತಕ ಕೊಡುತ್ತಾನೆ. ಜೇಮಿ ಮೊದಮೊದಲು ಉತ್ತರವನ್ನೇ ಕೊಡುವುದಿಲ್ಲ. ಯಾರಾದರೂ ಪ್ರೀತಿ ತೋರಿಸಿದರೆ ಅನುಮಾನ ಪಡುವುದು ಅಭ್ಯಾಸವಾಗಿದೆ. ಹಾಗೆ ಬಿಗಿದುಕೊಂಡವನು ಬಿಚ್ಚಿಕೊಳ್ಳುವುದನ್ನು ಡಗ್ಲಸ್ ಎಷ್ಟು ನಿಧಾನಕ್ಕೆ ತೋರಿಸುತ್ತಾರೆ ಅಂದರೆ, ಯಾವ ಶಾಟಿನಲ್ಲಿ ಆಯಿತು ಅಂತ ಬೆರಳಿಟ್ಟು ಹೇಳಲು ನನಗೆ ಇವತ್ತಿಗೂ ಆಗಿಲ್ಲ. ಕೊನೆಯ ಶಾಟ್ ಹೇಳುವುದಿಲ್ಲ. ಮೂರನ್ನೂ ನೋಡಿದವರಿಗೆ ಮಾತ್ರ ಅದರ ಬೆಲೆ.

ಇನ್ನು 'ಕಾಮ್ರೇಡ್ಸ್'. ಇದು ಇತಿಹಾಸದ ಕಥೆ. ಇಂಗ್ಲೆಂಡಿನ ಡಾರ್ಸೆಟ್ ಜಿಲ್ಲೆಯ ಟಾಲ್‌ಪಡ್ಲ್ ಎಂಬ ಹಳ್ಳಿ. 1830ರ ದಶಕದಲ್ಲಿ ಅಲ್ಲಿನ ಕೂಲಿಯವರ ವಾರದ ಕೂಲಿಯನ್ನು 9 ಶಿಲ್ಲಿಂಗಿನಿಂದ 8ಕ್ಕೆ, 8ರಿಂದ 7ಕ್ಕೆ ಇಳಿಸಿದರು. 6ಕ್ಕೆ ಇಳಿಸುವ ಮಾತೂ ಬಂತು. ಕೂಲಿಯವರು ಸಂಘ ಕಟ್ಟಿದರು. ಸಂಘ ಕಟ್ಟುವುದು ಆಗ ಕಾನೂನಿನ ಪ್ರಕಾರ ತಪ್ಪಲ್ಲ. ಅದಕ್ಕೇ, ಗುಟ್ಟಾಗಿ ಪ್ರಮಾಣ ಮಾಡಿದರು ಅನ್ನುವ ನೆಪ ಹಿಡಿದು, 1797ರ ಒಂದು ಹಳೇ ಕಾಯ್ದೆ ಕೆದಕಿ ಆರು ಜನರನ್ನು ಹಿಡಿದರು. 1834ರಲ್ಲಿ ಏಳು ವರ್ಷದ ಗಡಿಪಾರು ಶಿಕ್ಷೆಯಾಗಿ ಆಸ್ಟ್ರೇಲಿಯಾಕ್ಕೆ ಸಾಗಿಸಿದರು. ದೇಶದಲ್ಲಿ ಗಲಾಟೆ ಎದ್ದಿತು. 1836ರಲ್ಲಿ ಸರ್ಕಾರವೇ ಕ್ಷಮೆ ಕೊಟ್ಟು ವಾಪಸ್ಸು ಕರೆಸಬೇಕಾಯಿತು. ಕಾರ್ಮಿಕ ಸಂಘಗಳ ಚರಿತ್ರೆ ಓದಿದವರಿಗೆಲ್ಲ ಈ ಆರು ಜನ ಗೊತ್ತು.

ಡಗ್ಲಸ್ ಇಲ್ಲಿ ಒಂದು ಒಳ್ಳೇ ಕಿತಾಪತಿ ಮಾಡಿದ್ದಾರೆ. ಜಮೀನ್ದಾರರು, ಪಾದ್ರಿಗಳು, ದೊಡ್ಡ ಮನೆಯವರ ಪಾತ್ರಕ್ಕೆ ಹೆಸರಾಂತ ನಟರು: ವನೆಸ್ಸಾ ರೆಡ್‌ಗ್ರೇವ್, ಜೇಮ್ಸ್ ಫಾಕ್ಸ್, ಮೈಕೆಲ್ ಹಾರ್ಡರ್ನ್, ರಾಬರ್ಟ್ ಸ್ಟೀಫನ್ಸ್. ಕೂಲಿಯವರ ಪಾತ್ರಕ್ಕೆ ಜನರಿಗೆ ಅಷ್ಟಾಗಿ ಗೊತ್ತಿಲ್ಲದ ಮುಖಗಳು. ಅಧಿಕಾರ ಇದ್ದವರ ಮುಖ ನಮಗೆ ಮೊದಲೇ ಗೊತ್ತು, ಕೂಲಿಯವರನ್ನು ಹೊಸದಾಗಿ ಪರಿಚಯ ಮಾಡಿಕೊಳ್ಳಬೇಕು. ಹೀರೋ ಬೆಲೆ ಇರುವ ನಟನಿಗೆ ಬಡವನ ವೇಷ ಹಾಕಿಸಿ, ಮುಖಕ್ಕೆ ಮಸಿ ಬಳಿಯುವ ಪದ್ಧತಿಯನ್ನು ತಲೆಕೆಳಗು ಮಾಡಿದರು. ಹಾಗೆ ಬಂದ ಹೊಸಬರಲ್ಲಿ ಇಮೆಲ್ಡಾ ಸ್ಟಾಂಟನ್ ಒಬ್ಬರು. ಹ್ಯಾರಿ ಪಾಟರ್ ಸಿನಿಮಾದಲ್ಲಿ ಗುಲಾಬಿ ಬಟ್ಟೆ ಹಾಕಿಕೊಂಡು ಮಕ್ಕಳನ್ನು ಗೋಳು ಹೊಯ್ದುಕೊಳ್ಳುವ ಮೇಡಮ್, ಅವರೇ! ಇಲ್ಲಿ ಕೂಲಿಯವನ ಹೆಂಡತಿ.

ಶೂಟಿಂಗ್ ನಡೆದ ಒಂದು ಜಾಗ ಟೈನ್‌ಹಮ್. 1943ರಲ್ಲಿ ಸೈನ್ಯ ತನ್ನ ತರಬೇತಿಗೆಂದು ಜನರನ್ನು ಎಬ್ಬಿಸಿ ಖಾಲಿ ಮಾಡಿಸಿದ ಊರು ಅದು. ಜನ ಮತ್ತೆ ಬರಲೇ ಇಲ್ಲ. ಊರ ಮಧ್ಯೆ 1920ರ ದಶಕದ ಒಂದು ಟೆಲಿಫೋನ್ ಬೂತ್ ಇತ್ತು. 1830ರ ಕಥೆಯ ಶೂಟಿಂಗಿನಲ್ಲಿ ಆ ಬೂತ್ ಮುರಿದುಹೋಯಿತು. ಆಮೇಲೆ ಅದೇ ಕಾಲದ ಇನ್ನೊಂದನ್ನು ಹುಡುಕಿ ತಂದು ನಿಲ್ಲಿಸಿದರು. ಕೂಲಿಯವರ ಹೋರಾಟದ ಸಿನಿಮಾ ತೆಗೆಯಲು ಹೋಗಿ ಇಡೀ ಊರಿಗೆ ಇದ್ದ ಒಂದೇ ಫೋನ್ ಹಾಳು ಮಾಡಿದರಲ್ಲ ಅಂತ ನನಗೆ ಯಾವಾಗಲೂ ನಗು ಬರುತ್ತದೆ.

ಆದರೆ 'ಕಾಮ್ರೇಡ್ಸ್' ಕಥೆಯನ್ನು ಹೇಳುವವನು ಯಾರು ಗೊತ್ತಾ? ಒಬ್ಬ ಮ್ಯಾಜಿಕ್ ಲ್ಯಾಂಟರ್ನ್ ಆಡಿಸುವವನು. ಗಾಜಿನ ಮೇಲೆ ಬರೆದ ಚಿತ್ರವನ್ನು ದೀಪದ ಬೆಳಕಿನಲ್ಲಿ ಗೋಡೆ ಮೇಲೆ ಬೀಳಿಸಿ ಊರೂರು ಸುತ್ತುವವನು. ನಮ್ಮ ಜಾತ್ರೆಯ ಬಯಸ್ಕೋಪ್ ಪೆಟ್ಟಿಗೆಯವನ ಅಣ್ಣ ಅನ್ನಿ. ಅಲೆಕ್ಸ್ ನಾರ್ಟನ್ ಎಂಬ ನಟ ಈ ಪಾತ್ರ ಮಾಡಿದ್ದಾರೆ. ಅದೊಂದೇ ಅಲ್ಲ, ಸಿನಿಮಾ ಉದ್ದಕ್ಕೂ ವೇಷ ಬದಲಿಸಿ ಬರುತ್ತಲೇ ಇರುತ್ತಾರೆ. ಒಂದು ಕಡೆ ನೆರಳುಚಿತ್ರ ಕತ್ತರಿಸುವವನು, ಒಂದು ಕಡೆ ಡಯೋರಾಮಾ ತೋರಿಸುವವನು, ಆಸ್ಟ್ರೇಲಿಯಾಕ್ಕೆ ಹೋದರೆ ಹುಚ್ಚು ಫೋಟೋಗ್ರಾಫರ್. ಎಲ್ಲವೂ ಸಿನಿಮಾ ಹುಟ್ಟುವುದಕ್ಕೆ ಮುಂಚಿನ ಚಿತ್ರದ ಆಟಗಳು. ಬೋಳು ಗೋಡೆ, ಹಸಿದ ಹೊಟ್ಟೆ, ಮೌನ ಅಂತ ಹೆಸರಾದ ವಾಸ್ತವವಾದಿ, ಒಳಗೊಳಗೆ ಬೆಳಕಿನ ಆಟಿಕೆಗಳ ಹುಚ್ಚ.

ಅದು ನಿಜವಾದ ಹುಚ್ಚು. ಡಗ್ಲಸ್ ಮತ್ತು ಜುವೆಲ್ ಹಳೇ ಅಂಗಡಿಗಳಲ್ಲಿ ಹುಡುಕಿ ಮ್ಯಾಜಿಕ್ ಲ್ಯಾಂಟರ್ನ್, ತಿರುಗಿಸಿದರೆ ಚಿತ್ರ ಓಡುವ ಡಬ್ಬಿಗಳು, ಸಿನಿಮಾ ಪುಸ್ತಕ, ಪೋಸ್ಟರ್, ಚಾಪ್ಲಿನ್ ಗೊಂಬೆ, ಏನು ಸಿಕ್ಕರೂ ಕೂಡಿಡುತ್ತಿದ್ದರು. ಸುಮಾರು 50,000 ವಸ್ತುಗಳಾದವು. ಡಗ್ಲಸ್ ತೀರಿಕೊಂಡ ಮೇಲೆ ಜುವೆಲ್ ಎಲ್ಲವನ್ನೂ ಎಕ್ಸೆಟರ್ ವಿಶ್ವವಿದ್ಯಾಲಯಕ್ಕೆ ಕೊಟ್ಟರು. 1997ರಲ್ಲಿ ಅಲ್ಲಿ ಬಿಲ್ ಡಗ್ಲಸ್ ಹೆಸರಿನಲ್ಲೇ ಸಿನಿಮಾ ಮ್ಯೂಸಿಯಂ ಶುರುವಾಯಿತು. ಈಗಲೂ ಇದೆ, ಸಂಗ್ರಹ ಬೆಳೆಯುತ್ತಲೇ ಇದೆ. ಇಂಗ್ಲೆಂಡಿನಲ್ಲಿ ನಿಮ್ಮವರು ಯಾರಾದರೂ ಇದ್ದರೆ ಹೋಗಿ ನೋಡಲು ಹೇಳಿ. ಜಾಮ್ ಬಾಟಲಿ ನೆನಪಿದೆ ತಾನೆ? ಖಾಲಿ ಬಾಟಲಿ ಕೂಡಿಸಿ ಸಿನಿಮಾ ನೋಡಿದ ಹುಡುಗ ಕೊನೆಗೆ ಸಿನಿಮಾವನ್ನೇ ಕೂಡಿಸಿಟ್ಟ.

ಹಣದ ವಿಷಯದಲ್ಲಿ ಬಿಲ್ ಡಗ್ಲಸ್ ಅವರದ್ದು ಯಾವಾಗಲೂ ತಕರಾರೇ. ತಮಗೆ ಬೇಕಾದ ಶಾಟ್ ಸಿಗುವವರೆಗೂ ಬಿಡುವ ಜಾಯಮಾನ ಅಲ್ಲ. 'ಕಾಮ್ರೇಡ್ಸ್'ಗೆ ಥಿಯೇಟರಿನಲ್ಲಿ ಜನ ಬರಲಿಲ್ಲ. ಆಮೇಲೆ ಜೇಮ್ಸ್ ಹಾಗ್ ಬರೆದ ಹಳೆಯ ಸ್ಕಾಟಿಷ್ ಕಾದಂಬರಿಯೊಂದರ ಮೇಲೆ, ಓಡುವ ಕುದುರೆಯ ಫೋಟೋ ತೆಗೆದ ಮೈಬ್ರಿಜ್ ಮೇಲೆ ಸ್ಕ್ರಿಪ್ಟ್ ಬರೆದರು. ಎರಡೂ ಸಿನಿಮಾ ಆಗಲಿಲ್ಲ. ಸಿನಿಮಾ ಶಾಲೆಗಳಲ್ಲಿ ಪಾಠ ಮಾಡಿದರು. ಇಷ್ಟು ಕಮ್ಮಿ ಕೆಲಸ ಬಿಟ್ಟುಹೋದದ್ದಕ್ಕೆ ಅವರ ಹಟವೂ ಕಾರಣ ಅಂತ ನನಗೆ ಅನ್ನಿಸುತ್ತದೆ. ಆ ಹಟ ಇಲ್ಲದಿದ್ದರೆ ಆ ಕಪ್ಪಿನ ದೃಶ್ಯದಲ್ಲಿ ಹುಡುಗ ಒಂದು ಡೈಲಾಗ್ ಹೊಡೆಯುತ್ತಿದ್ದ ಅಂತಲೂ ಅನ್ನಿಸುತ್ತದೆ.

ಈಗ ನಿಮ್ಮ ಕೊನೆಯ ಎರಡು ಪ್ರಶ್ನೆ. ಕ್ರಮ ಬಿಡುಗಡೆಯಾದ ಕ್ರಮವೇ, ಬೇರೆ ಬೇಡ. ಆದರೆ ಮೂರನ್ನೂ ಒಂದೇ ರಾತ್ರಿ ನೋಡಬೇಡಿ. ಮೊದಲನೆಯದು ನೋಡಿ ಎರಡು ದಿನ ಬಿಡಿ. ಎರಡನೆಯದು ನೋಡಿ ಒಂದು ವಾರ ಬಿಡಿ. 'ಕಾಮ್ರೇಡ್ಸ್' ಒಂದು ಭಾನುವಾರ ಮಧ್ಯಾಹ್ನಕ್ಕೆ ಇಟ್ಟುಕೊಳ್ಳಿ, ಅದು ಬಣ್ಣದ ಸಿನಿಮಾ, ನಗುವೂ ಇದೆ. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಮೊದಲ ಮೂರನ್ನು 2008ರಲ್ಲಿ, 'ಕಾಮ್ರೇಡ್ಸ್' ಅನ್ನು 2009ರಲ್ಲಿ ಚೆನ್ನಾಗಿ ಶುದ್ಧ ಮಾಡಿ ಡಿವಿಡಿ ತಂದಿದೆ. ಕದ್ದ ಮಸುಕು ಪ್ರತಿಯಲ್ಲಿ ನೋಡಿದರೆ ಮಸಿ ಯಾವುದು, ನೆರಳು ಯಾವುದು ಗೊತ್ತಾಗುವುದಿಲ್ಲ. ಈ ಸಿನಿಮಾದಲ್ಲಿ ಅದು ಗೊತ್ತಾಗಬೇಕು. ರೂಮಿನ ಲೈಟ್ ಆರಿಸಿ. ಫೋನ್ ಬೇರೆ ಕೋಣೆಯಲ್ಲಿಡಿ. ಶಾಟ್ ಬದಲಾದಾಗ 'ಮುಂದೇನು' ಅನ್ನುವ ಬದಲು 'ಈಗ ಯಾರ ಕೈ ಏನು ಮಾಡುತ್ತಿದೆ' ಅಂತ ನೋಡಿ. ಕೈಗಳನ್ನು ನೋಡುತ್ತಾ ಹೋದರೆ ಸಾಕು, ಕಥೆ ತಾನೇ ಸಿಗುತ್ತದೆ.

ತಾಯಿಯವರ ಜೊತೆ ಖಂಡಿತ ನೋಡಿ. ಅಲ್ಲಿನ ಸ್ಕಾಟ್ಸ್ ಮಾತು ಇಂಗ್ಲಿಷ್ ಚೆನ್ನಾಗಿ ಬಲ್ಲವರಿಗೇ ತಿಳಿಯುವುದಿಲ್ಲ, ಹಾಗಾಗಿ ಆ ವಿಷಯದಲ್ಲಿ ನೀವೂ ತಾಯಿಯೂ ಒಂದೇ. ಇರುವ ಮಾತೂ ಬೆರಳೆಣಿಕೆ. ಬೆಕ್ಕು, ಹಕ್ಕಿಯ ಒಂದು ಪ್ರಸಂಗ ಸ್ವಲ್ಪ ಕಠಿಣ, ಮೊದಲೇ ಹೇಳಿಬಿಡಿ. ನಮ್ಮ ಫಿಲ್ಮ್ ಸೊಸೈಟಿಯಲ್ಲಿ ಒಮ್ಮೆ ಇದನ್ನು ತೋರಿಸಿದಾಗ, ಯಾರನ್ನೋ ಕರೆದೊಯ್ಯಲು ಬಂದಿದ್ದ ವಯಸ್ಸಾದ ಹೆಂಗಸೊಬ್ಬರು ಹಿಂದಿನ ಸಾಲಿನಲ್ಲಿ ಕೂತಿದ್ದರು. ಹುಡುಗ ಬಿಸಿನೀರು ಚೆಲ್ಲಿದ ತಕ್ಷಣ, ಕಪ್ಪು ಇನ್ನೂ ಅಜ್ಜಿಯ ಕೈ ಮುಟ್ಟುವ ಮೊದಲೇ, ಅವರು ಪಕ್ಕದವರಿಗೆ ಮೆಲ್ಲಗೆ ಹೇಳಿದ್ದು ನನಗೆ ಕೇಳಿಸಿತು: 'ಕೈ ಕಾಯಿಸೋಕೆ ಕಣೇ.' ಹಾಲ್‌ನಲ್ಲಿ ಸಿನಿಮಾ ಬಲ್ಲವರು ಮೂವತ್ತು ಜನ ಇದ್ದೆವು. ಮೊದಲು ಗೊತ್ತಾದದ್ದು ಅವರಿಗೆ.